ಹಿಂದಕ್ಕೆ ಸುದ್ದಿ ಕಳಿಸುವ ಗಿಂಡಿ

ಆ ಗಿಂಡಿಗೆ ನಿಯಮಗಳನ್ನು ಮಾಡಿದವಳು ನಾನು. ಅವುಗಳಲ್ಲಿ ಮುಖ್ಯವಾದುದನ್ನು, ನನ್ನನ್ನು ಒಂದು ಮಾತೂ ಕೇಳದೆ, ಮುರಿದವಳು ನನ್ನ ಮಗಳು. ಇದನ್ನು ಮೊದಲೇ ಬರೆದಿಡುತ್ತೇನೆ. ಏಕೆಂದರೆ ನಮ್ಮ ಮನೆತನದಲ್ಲಿ ಯಾರು ಏನು ಮಾಡಿದರು, ಯಾರು ಏನು ಹೇಳಿದರು ಎಂಬುದು ಎರಡು ಹಬ್ಬ ಕಳೆಯುವಷ್ಟರಲ್ಲಿ ಬೇರೆಯವರ ಹೆಸರಿಗೆ ಹೋಗಿರುತ್ತದೆ. ತಪ್ಪು ಮಾತ್ರ ದಾರಿ ತಪ್ಪದೆ ನನ್ನ ಹೆಸರಿಗೇ ಬಂದು ನಿಂತಿರುತ್ತದೆ.

ನಾನು ಪ್ರೌಢಶಾಲೆಗಳಲ್ಲಿ ಕನ್ನಡ ಕಲಿಸಿ ನಿವೃತ್ತಳಾದವಳು. ಯಜಮಾನರು ತೀರಿಕೊಂಡ ಮೇಲೆ ಶ್ರೀರಂಗಪಟ್ಟಣದಲ್ಲಿ ಮಗಳ ಮನೆಯಲ್ಲಿದ್ದೇನೆ. ಅವಳೂ ಶಿಕ್ಷಕಿಯೇ. ನದಿಗೆ ಇಳಿಯುವ ದಾರಿಯಲ್ಲಿ ನಮ್ಮ ಮನೆ. ಬೆಳಿಗ್ಗೆ ಬಾಗಿಲು ತೆರೆದರೆ ಯಾವುದೋ ಊರಿನವರು ಅಸ್ಥಿಯ ಕುಡಿಕೆಯನ್ನು ಬಟ್ಟೆಯಲ್ಲಿ ಕಟ್ಟಿಕೊಂಡು ಕಾರಿನಿಂದ ಇಳಿದು ದಾರಿ ಕೇಳುತ್ತಾರೆ. ಕಾರ್ಯ ಮುಗಿಸಿ ಒದ್ದೆ ತಲೆಯಲ್ಲಿ ಹಿಂತಿರುಗುವಾಗ ನಮ್ಮ ಕಾಂಪೌಂಡಿನ ನೆರಳಿನಲ್ಲಿ ನಿಂತು ಮಾತನಾಡಿಕೊಳ್ಳುತ್ತಾರೆ. ನಾನು ಕಿವಿಗೊಟ್ಟು ಕೇಳುವವಳಲ್ಲ, ಆದರೆ ನನ್ನ ಕಿವಿ ಚೆನ್ನಾಗಿದೆ. ‘ಹೋಗೋ ಮುಂಚೆ ಒಂದು ಮಾತು ಹೇಳಿದ್ದಿದ್ರೆ’ ಎನ್ನುವವರೇ ಹೆಚ್ಚು. ಯಾರು, ಯಾರಿಗೆ ಹೇಳಬೇಕಿತ್ತು ಎಂಬುದು ಮಾತ್ರ ಮನೆಯಿಂದ ಮನೆಗೆ ಬೇರೆ.

ಮಗಳು ತನ್ನ ಶಾಲೆಯ ವಾರ್ಷಿಕೋತ್ಸವಕ್ಕೆ ಒಂದು ಸಣ್ಣ ನಾಟಕ ಬರೆದುಕೊಡು ಎಂದು ಕೇಳಿದಾಗ ನನಗೆ ಹೊಳೆದದ್ದು ಆ ಕಾಂಪೌಂಡಿನ ಮಾತೇ. ನಾನು ಒಂದು ಹಿತ್ತಾಳೆಯ ಗಿಂಡಿಯನ್ನು ಕಲ್ಪಿಸಿದೆ. ನಮ್ಮ ಕಡೆಯ ಹಳೆಯ ಮನೆಗಳಲ್ಲಿ ಕೈಗೆ ನೀರು ಹಾಕಲು ಇಟ್ಟುಕೊಳ್ಳುತ್ತಿದ್ದ, ಪಕ್ಕದಲ್ಲಿ ಮೂತಿಯಿರುವ ಪುಟ್ಟ ತಂಬಿಗೆ ಅದು. ಅದರ ಅಗಲವಾದ ಬಾಯಿಗೆ ತುಟಿ ತಂದು ಒಂದು ಮಾತು ಆಡಿ, ಅಂಗೈಯಿಂದ ಬಾಯನ್ನು ಮುಚ್ಚಬೇಕು. ಆ ಮಾತು ಬೇರೊಂದು ಕಾಲದಲ್ಲಿ, ಯಾರಿಗೆ ಹೇಳಿದೆಯೋ ಅವರು ಕೈತೊಳೆಯುವ ಹೊತ್ತಿನಲ್ಲಿ, ಕೈಮೇಲೆ ಸುರಿಯುವ ನೀರಿನ ಜೊತೆಗೆ ಅವರ ಕಿವಿಗೆ ಬೀಳುತ್ತದೆ. ಮೂತಿ ಮೂಡಣಕ್ಕಿದ್ದರೆ ಮುಂದಿನ ಕಾಲಕ್ಕೆ, ಪಡುವಣಕ್ಕಿದ್ದರೆ ಹಿಂದಿನ ಕಾಲಕ್ಕೆ. ಮಾತು ಒಂದೇ ಉಸಿರಿನಲ್ಲಿ ಮುಗಿಯಬೇಕು. ಕೇಳಿಸಿಕೊಂಡವರು ಮರುಪ್ರಶ್ನೆ ಹಾಕುವಂತಿಲ್ಲ. ಆದ್ದರಿಂದಲೇ ಎಲ್ಲಕ್ಕಿಂತ ಮುಖ್ಯವಾದ ನಿಯಮ: ಆದದ್ದನ್ನು ಆದಂತೆ ಹೇಳಬೇಕು. ಗಿಂಡಿ ತನ್ನ ಕಡೆಯಿಂದ ಏನನ್ನೂ ಸೇರಿಸುವುದಿಲ್ಲ, ಏನನ್ನೂ ಕಳೆಯುವುದಿಲ್ಲ. ಹೇಳಿದವರು ಬಿಟ್ಟದ್ದನ್ನು ಕೇಳಿದವರು ಊಹಿಸಿಕೊಳ್ಳಲಿ ಎಂಬ ಏರ್ಪಾಡು ಅದಕ್ಕೆ ಗೊತ್ತಿಲ್ಲ.

ನಾಟಕದಲ್ಲಿ ಒಬ್ಬ ಹುಡುಗಿ. ಶಾಲೆಯ ಪ್ರವಾಸಕ್ಕೆ ಹೋಗಿದ್ದ ದಿನವೇ ಅವಳ ಅಜ್ಜ ತೀರಿಕೊಂಡಿರುತ್ತಾನೆ; ಅವಳು ಮರಳುವಷ್ಟರಲ್ಲಿ ಎಲ್ಲ ಮುಗಿದಿರುತ್ತದೆ. ಗಿಂಡಿ ಕೈಗೆ ಸಿಕ್ಕಾಗ ಅವಳು ಆ ಬೆಳಗಿನ ತನಗೇ ಸುದ್ದಿ ಕಳಿಸುತ್ತಾಳೆ: ‘ಅಜ್ಜ ಸತ್ತುಹೋದರು, ಬಸ್ಸು ಹತ್ತಬೇಡ, ಮನೆಗೆ ಓಡು.’ ಅಜ್ಜ ಬದುಕುವುದಿಲ್ಲ. ಸಾವನ್ನು ತಪ್ಪಿಸುವ ಗಿಂಡಿಯನ್ನು ನಾನು ಮಾಡಲಿಲ್ಲ. ಅಷ್ಟು ದುರಾಸೆ ನನಗಿಲ್ಲ. ಹುಡುಗಿ ಅಜ್ಜನ ಮುಖ ನೋಡುತ್ತಾಳೆ, ಅಷ್ಟೇ.

ಒಂದು ಸಂಜೆ ಮಗಳು ಹಾಳೆಗಳನ್ನು ಹಿಂದಕ್ಕೆ ತಂದಳು. ಹುಡುಗಿಯ ಮಾತನ್ನು ಹೊಡೆದುಹಾಕಿ ಬೇರೆ ಬರೆದಿದ್ದಳು: ‘ಅಜ್ಜನಿಗೆ ಸ್ವಲ್ಪ ಹುಷಾರಿಲ್ಲ, ಮನೆಗೆ ಬಾ.’

“ಇದೇನಿದು?” ಎಂದೆ.

“ಪೋಷಕರು ಕೂತಿರ್ತಾರಮ್ಮ. ಸಣ್ಣ ಮಗು ಬಾಯಲ್ಲಿ ಸತ್ತುಹೋದರು ಅಂತ ಅನ್ನಿಸಿದ್ರೆ ಚೆನ್ನಾಗಿರಲ್ಲ. ಅರ್ಥ ಆಗೇ ಆಗುತ್ತೆ ಎಲ್ಲರಿಗೂ.”

“ಯಾರಿಗೆ ಆಗುತ್ತೆ?”

“ಎಲ್ಲರಿಗೂ. ಹುಷಾರಿಲ್ಲ ಬಾ ಅಂದ್ರೆ ಏನು ಅಂತ ಗೊತ್ತಿಲ್ದೋರು ಯಾರಿದ್ದಾರೆ?”

ಲೋಕದಲ್ಲಿ ಇಷ್ಟೊಂದು ವಾಕ್ಯಗಳಿವೆ. ಅವಳಿಗೆ ಅದೇ ಸಿಗಬೇಕಾಗಿತ್ತು. ನಾನು ಆ ರಾತ್ರಿ ಊಟ ಮಾಡಲಿಲ್ಲ. ಯಾಕೆ ಎಂದು ಅವಳು ಎರಡು ಸಲ ಕೇಳಿದಳು. ಮೂರನೆಯ ಸಲ ಕೇಳಿದ್ದರೆ ಹೇಳುತ್ತಿದ್ದೆನೋ ಏನೋ. ಕೇಳಲಿಲ್ಲ. ಆದ್ದರಿಂದ ಇಲ್ಲಿ ಹೇಳುತ್ತಿದ್ದೇನೆ.

ನನ್ನ ತವರು ಕೆ.ಆರ್. ಪೇಟೆ ತಾಲ್ಲೂಕಿನ ಸಂತೆಬಾಚಹಳ್ಳಿಯ ಹತ್ತಿರದ ಒಂದು ಊರು. ಕೊಟ್ಟ ಮನೆ ಪಾಂಡವಪುರದ ಕಡೆ ಚಿನಕುರಳಿ. ನೌಕರಿ ಸಿಕ್ಕಿದ್ದು ನಾಗಮಂಗಲದಲ್ಲಿ. ಯಜಮಾನರು ಊರಲ್ಲಿ ಜಮೀನು ನೋಡಿಕೊಂಡಿದ್ದರು. ಮಗು ಅತ್ತೆಯ ಬಳಿ. ನಾನು ನಾಗಮಂಗಲದಲ್ಲಿ ಒಂದು ಕೋಣೆ ಬಾಡಿಗೆಗೆ ಹಿಡಿದು ಒಬ್ಬಳೇ ಇದ್ದೆ. ಹೆಂಗಸು ಹಾಗೆ ಒಬ್ಬಳೇ ಇರುವುದನ್ನು ಕುರಿತು ತವರಿನಲ್ಲೂ ಅತ್ತೆಮನೆಯಲ್ಲೂ ಯಾರು ಯಾವ ಜಗಲಿಯಲ್ಲಿ ಕುಳಿತು ಏನು ಹೇಳಿದರು ಎಂಬುದು ನನಗೆ ನೆನಪಿದೆ. ಈಗ ಅದು ಬೇಡ.

ಸಾವಿನ ಸುದ್ದಿ ಮುಟ್ಟಿಸುವುದಕ್ಕೆ ನಮ್ಮ ಕಡೆ ಒಂದು ಪದ್ಧತಿಯಿತ್ತು. ಮದುವೆಯಾಗಿ ಹೋದ ಹೆಣ್ಣುಮಗಳಿಗೆ ‘ನಿಮ್ಮವ್ವ ಹೋದಳು’ ಎಂದು ಯಾರೂ ಮುಖಕ್ಕೆ ಹೇಳುತ್ತಿರಲಿಲ್ಲ. ಮನೆಯ ಕಡೆಯ ಗಂಡಸೊಬ್ಬ ಹೊರಟು ಬರುತ್ತಿದ್ದ. ನೀರು ಕುಡಿದು, ಬಿಸಿಲಿನ ಮಾತು ಆಡಿ, ‘ಅವ್ವಂಗೆ ವಸಿ ಉಸಾರಿಲ್ಲ, ನೋಡ್ಬೇಕಂತೆ, ಒಂಟೋಗವಾ’ ಎನ್ನುತ್ತಿದ್ದ. ಅವಳು ಸೀರೆ ಬದಲಿಸುವವರೆಗೆ ನಿಂತು, ಜೊತೆಯಲ್ಲೇ ಕರೆದುಕೊಂಡು ಹೋಗುತ್ತಿದ್ದ. ದಾರಿಯಲ್ಲಿ ಅವಳೇ ಅವನ ಮುಖ ನೋಡಿ ತಿಳಿದುಕೊಳ್ಳುತ್ತಿದ್ದಳು. ಅಥವಾ ಊರ ಬಾಗಿಲಲ್ಲಿ ತಮಟೆ ಕೇಳಿ ತಿಳಿಯುತ್ತಿದ್ದಳು. ಹೇಗಾದರೂ ಅವಳು ಹೊತ್ತಿಗೆ ಅಲ್ಲಿರುತ್ತಿದ್ದಳು. ಈ ಪದ್ಧತಿಯನ್ನು ನಾನು ಹಳಿಯುವುದಿಲ್ಲ. ಆದರೆ ಇದು ಎರಡು ಭಾಗದ ಪದ್ಧತಿ. ಸುಳ್ಳು ಹೇಳುವುದು ಒಂದು ಭಾಗ, ಕೈಹಿಡಿದು ಕರೆದೊಯ್ಯುವುದು ಇನ್ನೊಂದು. ಎರಡನೆಯದು ಇರುವುದರಿಂದಲೇ ಮೊದಲನೆಯದಕ್ಕೆ ಕ್ಷಮೆ.

ಅವ್ವ ತೀರಿಕೊಂಡ ವರ್ಷ ಊರಿನ ಅಂಗಡಿಗೆ ಫೋನು ಹೊಸದಾಗಿ ಬಂದಿತ್ತು. ಅಣ್ಣ ಯಾರನ್ನೂ ಕಳಿಸಲಿಲ್ಲ. ಅಂಗಡಿಗೆ ಹೋಗಿ ನಮ್ಮ ಶಾಲೆಯ ಕಚೇರಿಗೆ ಫೋನು ಮಾಡಿದ. ಅಂದು ಪಬ್ಲಿಕ್ ಪರೀಕ್ಷೆ. ಗುಮಾಸ್ತರು ಬಂದು ಕರೆದಾಗ ನಾನು ಪ್ರಶ್ನೆಪತ್ರಿಕೆಯ ಲಕೋಟೆಗಳನ್ನು ಎಣಿಸಿ ಸಹಿ ಹಾಕುತ್ತಿದ್ದೆ. ಹೋಗಿ ರಿಸೀವರ್ ಹಿಡಿದೆ.

“ಅವ್ವಂಗೆ ವಸಿ ಉಸಾರಿಲ್ಲ ಕಣಮ್ಮಿ. ಬಿಡುವು ಮಾಡ್ಕೊಂಡು ಬಂದೋಗು,” ಎಂದ.

“ಏನಾಯ್ತಣ್ಣ? ಜ್ವರಾನಾ?”

“ಊಂ. ಅಂಗೇ ಅನ್ಕೊ.”

“ಡಾಕ್ಟ್ರು ನೋಡಿದ್ರಾ?”

“ನೋಡುದ್ರು.”

“ಪರೀಕ್ಷೆ ನಡೀತಾ ಇದೆ. ಮಧ್ಯಾಹ್ನ ಮುಗಿಸ್ಕೊಂಡು ಹೊರಡಲಾ?”

ಆ ಕಡೆ ಸ್ವಲ್ಪ ಹೊತ್ತು ಅಂಗಡಿಯ ಗದ್ದಲ ಕೇಳಿಸಿತು. “ಅಂಗೇ ಮಾಡು. ಜೋಪಾನ,” ಎಂದು ಇಟ್ಟುಬಿಟ್ಟ.

ಈ ಮಾತುಗಳಲ್ಲಿ ಒಂದಕ್ಷರವೂ ಹೆಚ್ಚುಕಡಿಮೆಯಾಗಿಲ್ಲ. ನಾನು ಕೇಳಬೇಕಾದ್ದನ್ನೆಲ್ಲ ಕೇಳಿದೆ. ಅವನು ಹೂಂಗುಟ್ಟಿದ. ಮಧ್ಯಾಹ್ನ ಹೊರಡಲೇ ಎಂದು ಅನುಮತಿ ಕೇಳಿದೆ. ಅವನು ಕೊಟ್ಟ. ನಾನು ಕೊಠಡಿಗೆ ಹೋಗಿ ಪ್ರಶ್ನೆಪತ್ರಿಕೆ ಹಂಚಿದೆ. ಪರೀಕ್ಷೆ ಮುಗಿದು, ಉತ್ತರಪತ್ರಿಕೆಗಳನ್ನು ಕಟ್ಟಿ, ಮೊಹರು ಮಾಡಿಸಿ, ದಾರಿಯಲ್ಲಿ ಅವ್ವನಿಗೆಂದು ಮೂಸಂಬಿ ಕೊಂಡು ಬಸ್ಸು ಹತ್ತಿದೆ. ಕೆ.ಆರ್. ಪೇಟೆಯಲ್ಲಿ ಬಸ್ಸು ಬದಲಾಯಿಸಿದೆ. ಊರಿನ ಗೇಟಿನಲ್ಲಿ ಇಳಿದಾಗ ಎದುರಿಗೆ ತೋಟದ ಕಡೆಯಿಂದ ಗಂಡಸರ ಗುಂಪು ಬರುತ್ತಿತ್ತು. ಎಲ್ಲರ ತಲೆ ಒದ್ದೆ. ಅಣ್ಣ ಒದ್ದೆ ಪಂಚೆಯಲ್ಲಿದ್ದ. ನನ್ನ ಕೈಯಲ್ಲಿ ಮೂಸಂಬಿಯ ಚೀಲ.

ಮಣ್ಣು ಮಾಡಿ ಬಂದಿದ್ದರು. ಹೊತ್ತು ಮುಳುಗುವ ಮೊದಲು ಮುಗಿಸಬೇಕಲ್ಲ, ಎಷ್ಟು ಅಂತ ಕಾಯುವುದು ಎಂದರು. ಹೆತ್ತ ಮಕ್ಕಳು ಹಾಕಬೇಕಾದ ಹಿಡಿಮಣ್ಣನ್ನು ನಾನು ಹಾಕಲಿಲ್ಲ. ಆ ಮುಖವನ್ನು ನೋಡಲಿಲ್ಲ.

ಇಷ್ಟೇ ಆಗಿದ್ದರೆ ಅದು ದುಃಖ. ದುಃಖವನ್ನು ನಾನು ನುಂಗಿಕೊಳ್ಳಬಲ್ಲೆ. ಆದರೆ ತಿಥಿಯ ದಿನ, ಊಟದ ಪಂಕ್ತಿ ಕುಳಿತಿರುವಾಗ, ಅತ್ತಿಗೆ ಪಾಯಸದ ಬಕೆಟ್ಟು ಹಿಡಿದು ನನ್ನ ಮುಂದೆಯೇ ನಿಂತು ಯಾರಿಗೋ ಹೇಳಿದಳು: “ಬೆಳಿಗ್ಗೇನೆ ಸುದ್ದಿ ಮುಟ್ತು. ಪರೀಕ್ಸೆ ಮುಗುಸ್ಕೊಂಡು ಬಂದ್ರು ಮೇಡಮ್ಮೋರು. ಕೆಲ್ಸ ಮುಕ್ಯ ಅಲ್ವಾ?” ಪಾಯಸ ನನ್ನ ಎಲೆಗೆ ಒಂದು ಸೌಟು ಕಡಿಮೆಯೇ ಬಿತ್ತು, ಪಕ್ಕದ ಎಲೆ ನನಗೆ ಕಾಣುತ್ತಿತ್ತು. ನಾನು ಅಣ್ಣನ ಮುಖ ನೋಡಿದೆ. ಅವನು ಹಪ್ಪಳ ಮುರಿಯುತ್ತಿದ್ದ.

ಅಲ್ಲಿಂದ ಶುರುವಾದದ್ದು ನಿಲ್ಲಲಿಲ್ಲ. ಅಣ್ಣನ ಮಗನ ಮದುವೆಯಲ್ಲಿ ನಾನು ಧಾರೆಗೆ ಒಂದಿಷ್ಟು ತಡವಾಗಿ ಹೋದಾಗ, ‘ಇವತ್ತು ಯಾವ ಪರೀಕ್ಸೆ ಇತ್ತು’ ಎಂದು ಚಿಕ್ಕಮ್ಮ ಕೇಳಿ ಹೆಂಗಸರನ್ನೆಲ್ಲ ನಗಿಸಿದಳು. ಅಣ್ಣನ ಮೊಮ್ಮಗನ ನಾಮಕರಣಕ್ಕೆ ನನಗೆ ಹೇಳಿಯೇ ಕಳಿಸಲಿಲ್ಲ. ಕೇಳಿದರೆ, ‘ಏಳುದ್ರೆ ತಾನೆ ಏನ್ ಬಂದ್ಬುಡ್ತಿದ್ರಾ’ ಎಂಬ ಉತ್ತರ. ಈಗಿನ ಹುಡುಗರು ತಡವಾಗಿ ಬಂದ ಯಾರಿಗಾದರೂ ‘ನಾಗಮಂಗಲದ ಬಸ್ಸಾ?’ ಎಂದು ಕೇಳುತ್ತಾರಂತೆ, ಅದು ಎಲ್ಲಿಂದ ಬಂದ ಮಾತು ಎಂದು ಅವರಿಗೇ ಗೊತ್ತಿಲ್ಲ. ಇಷ್ಟೂ ವರ್ಷ ಅಣ್ಣ ಒಂದು ಸಲವಾದರೂ, ‘ಅವಳ ತಪ್ಪಲ್ಲ, ನಾನೇ ಅವ್ವ ಹೋದಳು ಅಂತ ಹೇಳಿರಲಿಲ್ಲ’ ಎಂದಿದ್ದರೆ ಎಲ್ಲ ಮುಗಿಯುತ್ತಿತ್ತು. ನನಗೆ ಬೇಕಾದದ್ದು ಆಸ್ತಿಯಲ್ಲ, ಸೀರೆಯಲ್ಲ. ಎಲ್ಲರ ಎದುರಿಗೆ ಆ ಒಂದು ವಾಕ್ಯ. ನಾನು ಕೇಳಿಯೂ ಇದ್ದೇನೆ. ‘ಆದದ್ ಆಗೋಯ್ತಲ್ಲಮ್ಮಿ, ಈಗ್ಯಾಕೆ’ ಎಂದು ಟವಲು ಕೊಡವಿ ಎದ್ದುಹೋಗಿದ್ದಾನೆ.

ಆದ್ದರಿಂದ ಆ ಗಿಂಡಿಯ ಮುಖ್ಯ ನಿಯಮ ಸುಮ್ಮನೆ ಹುಟ್ಟಿದ್ದಲ್ಲ.

ಮಗಳು ನಿಯಮ ಮುರಿದ ಮೇಲೂ ನಾಟಕಕ್ಕೆ ನಿಜವಾದ ಗಿಂಡಿ ಬೇಕಾಗಿತ್ತು. ಅಂಗಡಿಯಲ್ಲಿ ಸಿಕ್ಕಿದವು ದೀಪದ ಪಕ್ಕ ಇಡುವ ಆಟಿಕೆಯಂಥವು. “ಅಜ್ಜಿದು ಒಂದಿತ್ತಲ್ವಾ, ಮಾವನ ಮನೇಲಿ?” ಎಂದಳು. ಇತ್ತು. ಪಿತೃಪಕ್ಷದಲ್ಲಿ ಅಣ್ಣನ ಮನೆಯಲ್ಲಿ ಹಿರಿಯರಿಗೆ ಎಡೆ ಇಡುವ ದಿನ ನಾವಿಬ್ಬರೂ ಹೊರಟೆವು. ಆ ವರ್ಷ ಕರೆ ಬಂದಿತ್ತು, ನನಗಲ್ಲ, ಮಗಳ ಫೋನಿಗೆ. ಪಾಂಡವಪುರ ದಾಟಿ, ಚಿನಕುರಳಿಯಲ್ಲಿ ಕಲ್ಲಿನ ಲಾರಿಗಳ ಹಿಂದೆ ಧೂಳು ಕುಡಿದು, ಕೆ.ಆರ್. ಪೇಟೆಯಲ್ಲಿ ಬಸ್ಸು ಬದಲಾಯಿಸಿದೆವು. ಆ ನಿಲ್ದಾಣದಲ್ಲಿ ಮೂಸಂಬಿ ಮಾರುವವರು ಈಗಲೂ ಇದ್ದಾರೆ. ನಾನು ಕೊಳ್ಳುವುದಿಲ್ಲ.

ಅತ್ತಿಗೆ ಅಡುಗೆಮನೆಯಿಂದಲೇ ಮಾತನಾಡಿಸಿದಳು. “ಬಂದ್ರಾ ಮೇಡಮ್ಮೋರು. ಇವತ್ತು ಬೇಗ್ನೆ ಬಂದವ್ರೆ. ಎಡೆ ಇನ್ನೂ ಇಟ್ಟಿಲ್ಲ.”

“ಎಡೆಗೆ ಸರಿಯಾಗೇ ಬರ್ತೀನತ್ತಿಗೆ. ಸರಿಯಾಗಿ ಹೇಳಿದ್ರೆ,” ಎಂದೆ.

ಮಗಳು ನನ್ನ ಮೊಣಕೈ ಒತ್ತಿದಳು. ನಾನು ಕೈ ಎಳೆದುಕೊಂಡೆ.

ಒಳಮನೆಯಲ್ಲಿ ಬಾಳೆಲೆ ಹಾಸಿ ಕಜ್ಜಾಯ, ವಡೆ, ಮುದ್ದೆ, ಕೋಳಿಸಾರು ಎಲ್ಲ ಬಡಿಸಿದ್ದರು. ಅಪ್ಪನಿಗೆ ಪಂಚೆ, ಅವ್ವನಿಗೆ ಸೀರೆ. ಸೀರೆ ಹಸಿರು ಬಣ್ಣದ್ದು. ಅವ್ವ ಹಸಿರು ಉಟ್ಟವಳಲ್ಲ. ಪ್ರತಿವರ್ಷ ಹಸಿರೇ ತರುತ್ತಾರೆ, ಏಕೆಂದರೆ ಎಡೆಯಾದ ಮೇಲೆ ಅದನ್ನು ಉಡುವವಳು ಅತ್ತಿಗೆ. ಧೂಪ ಹಾಕಿ, ಎಲ್ಲರೂ ಕೈಮುಗಿದು, ಹೊರಗೆ ಬಂದು ಬಾಗಿಲು ಮುಂದೂಡಿಕೊಂಡೆವು. ಹಿರಿಯರು ಬಂದು ಉಣ್ಣುವಾಗ ನೋಡಬಾರದು. ಅವರು ಉಂಡು ಏಳುವವರೆಗೆ ಜೀವಂತ ಇರುವವರು ಹಸಿದು ಜಗಲಿಯಲ್ಲಿ ಕಾಯುತ್ತಾರೆ. ಮಾತು ಸಣ್ಣ ದನಿಯಲ್ಲಿ.

ಮಗಳು ಅಟ್ಟದಿಂದ ಗಿಂಡಿಯನ್ನು ಇಳಿಸಿಕೊಂಡಿದ್ದಳು. ಕರ್ರಗೆ ಕಿಲುಬು ಹಿಡಿದಿತ್ತು. ಈಗ ಎಡೆಗೂ ಸ್ಟೀಲಿನ ಚೊಂಬೇ ಇಡುತ್ತಾರೆ. ಜಗಲಿಯ ತುದಿಯಲ್ಲಿ ಕುಳಿತು ಹುಣಸೆಹಣ್ಣು ಹಾಕಿ ತಿಕ್ಕತೊಡಗಿದಳು. ಮೂತಿಯ ಬುಡದಲ್ಲಿ ಒಂದು ಹಳೆಯ ಬೆಸುಗೆಯಿದೆ. ನಾನು ಚಿಕ್ಕವಳಿದ್ದಾಗ ಅಣ್ಣ ಬಾವಿಕಟ್ಟೆಯ ಮೇಲೆ ಬೀಳಿಸಿದ್ದು. ಅದಕ್ಕೆ ಬೈಸಿಕೊಂಡವಳೂ ನಾನೇ.

“ಏನ್ ಮಗ, ಅದ್ಯಾಕೆ ಉಜ್ತಿದ್ದೀಯೆ? ಮನೇಲಿ ಪಾತ್ರೆ ಇಲ್ವಾ?” ಎಂದ ಅಣ್ಣ. ಅವನಿಗೆ ಎಂಬತ್ತು ಹತ್ತಿರ. ಕಂಬಕ್ಕೆ ಒರಗಿ ಕಾಲು ನೀಡಿ ಕುಳಿತಿದ್ದ.

“ನಾಟಕಕ್ಕೆ ಮಾವ. ಅಮ್ಮ ಬರೆದಿರೋದು. ಇದರೊಳಗೆ ಮಾತಾಡಿದ್ರೆ ಹಳೇ ಕಾಲಕ್ಕೆ ಹೋಗುತ್ತೆ.”

“ಅಳೇ ಕಾಲುಕ್ಕಾ? ಬಸ್ ಚಾರ್ಜು ಎಷ್ಟು?”

“ಫ್ರೀ ಮಾವ. ಹೆಂಗಸರಿಗೂ ಗಂಡಸರಿಗೂ.”

ಎಲ್ಲರೂ ನಕ್ಕರು. ಅತ್ತಿಗೆಯೂ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು. ಪಕ್ಕದ ಮನೆಯ ಚಿಕ್ಕಮ್ಮ, ಮದುವೆಮನೆಯಲ್ಲಿ ಪರೀಕ್ಷೆಯ ಮಾತು ತೆಗೆದವಳು, ತೊಂಬತ್ತರ ಆಚೆಯಲ್ಲೂ ನಾಲಗೆ ಚುರುಕಾಗಿಯೇ ಇಟ್ಟುಕೊಂಡಿದ್ದಾಳೆ. “ನಮ್ ಯಜಮಾನುಂಗೆ ಏಳ್ಸು ಮಗ, ಎಣ್ಣು ನೋಡಾಕ್ ನಮ್ಮನೇಗ್ ಬರ್ಬ್ಯಾಡ ಅಂತ,” ಎಂದಳು. ನಗು ಇನ್ನೂ ಹೆಚ್ಚಾಯಿತು. ಬಾಗಿಲ ಕಡೆ ನೋಡಿ ಒಬ್ಬರನ್ನೊಬ್ಬರು ಸುಮ್ಮನಿರಿಸಿದರು.

ಮಗಳು ಗಿಂಡಿ ತೊಳೆದು ಅಣ್ಣನ ಕೈಗೆ ಕೊಟ್ಟಳು. “ನೀವೇ ಒಂದ್ಸಲ ನೋಡಿ ಮಾವ. ಮೂತಿ ಪಡುವಣಕ್ಕೆ ಹಿಡೀರಿ. ಯಾರಿಗೆ ಬೇಕಾದ್ರೂ, ಯಾವ ದಿನಕ್ಕೆ ಬೇಕಾದ್ರೂ.”

“ಆದದ್ದನ್ನು ಆದಂತೆ ಹೇಳಬೇಕು,” ಎಂದೆ. “ಅದು ನಿಯಮ.”

ಅಣ್ಣ ಗಿಂಡಿಯನ್ನು ತಿರುಗಿಸಿ ತಿರುಗಿಸಿ ನೋಡಿದ. ಬೆಸುಗೆಯ ಮೇಲೆ ಹೆಬ್ಬೆರಳು ಆಡಿಸಿದ. ತಮಾಷೆಗೆ ಏನಾದರೂ ಹೇಳುತ್ತಾನೆಂದು ಎಲ್ಲರೂ ಕಾದರು. ಅವನು ಮೂತಿಯನ್ನು ಪಡುವಣಕ್ಕೆ ಹಿಡಿದ. ಬಾಯನ್ನು ಗಿಂಡಿಯ ಬಾಯಿಗೆ ತಂದ. ನನ್ನ ಕಡೆ ನೋಡಲಿಲ್ಲ.

“ಅಮ್ಮಿ,” ಎಂದ, “ಅವ್ವಂಗೆ ವಸಿ ಉಸಾರಿಲ್ಲ ಕಣಮ್ಮಿ. ಬಿಡುವು ಮಾಡ್ಕೊಂಡು ಬಂದೋಗು.”

ಹಿತ್ತಾಳೆಯ ಒಳಗೆ ಮಾತು ಗುಂಯ್ ಎಂದಿತು. ಅವನು ಅಂಗೈಯಿಂದ ಬಾಯಿ ಮುಚ್ಚಿದ.

ನನಗೆ ಮೊದಲು ಬಂದದ್ದು ಸಿಟ್ಟು. ಲೋಕದಲ್ಲಿ ಯಾರಿಗೂ ಸಿಗದ ಯಂತ್ರವನ್ನು ಅವನ ಕೈಗೆ ಕೊಟ್ಟಿದ್ದೆವು. ಯಾವ ದಿನವನ್ನು ಬೇಕಾದರೂ ತಿದ್ದಬಹುದಾಗಿತ್ತು. ಅವನು ಸರಿಯಾಗಿ ಆ ದಿನವನ್ನೇ ಹುಡುಕಿಕೊಂಡು ಹೋಗಿ, ಅದೇ ವಾಕ್ಯವನ್ನು, ಅದೇ ರಾಗದಲ್ಲಿ, ಇನ್ನೊಂದು ಸಲ ಕಳಿಸಿದ್ದ.

ಆಮೇಲೆ ಗಮನಿಸಿದೆ: ಜಗಲಿಯಲ್ಲಿ ಯಾರೂ ನಗುತ್ತಿರಲಿಲ್ಲ. ಆ ಮಾತನ್ನು ಅವರು ಯಾರೂ ಮೊದಲು ಕೇಳಿರಲೇ ಇಲ್ಲ. ಅಂದು ಅಂಗಡಿಯಲ್ಲಿ ಅಣ್ಣನ ಜೊತೆ ಮನೆಯವರು ಯಾರೂ ಇರಲಿಲ್ಲ.

“ಅಷ್ಟೇಯಾ ನೀನು ಏಳಿದ್ದು?” ಎಂದಳು ಚಿಕ್ಕಮ್ಮ. “ಓಗ್ಬುಟ್ಲು ಅಂತ ಏಳ್ಲಿಲ್ವಾ?”

“ಫೋನಲ್ಲಿ ಎಂಗಮ್ಮ ಏಳಾದು?” ಎಂದ ಅಣ್ಣ.

“ಮತ್ತೆ ಬಿಡುವು ಮಾಡ್ಕೊಂಡು ಬಾ ಅಂದ್ರೆ ಅವ್ಳು ಬಿಡುವಾದಾಗ ಬಂದ್ಲು. ಇನ್ನೇನ್ ಮಾಡಾಳು?”

ಚಿಕ್ಕಮ್ಮನ ಬಾಯಿಂದ ಈ ಮಾತು ಬರುತ್ತದೆಂದು ನಾನು ಕನಸಿನಲ್ಲೂ ಎಣಿಸಿರಲಿಲ್ಲ. ಅವಳ ಮೇಲೆ ನನಗಿರುವ ಲೆಕ್ಕಗಳಲ್ಲಿ ಒಂದನ್ನು ಅಂದು ಹೊಡೆದುಹಾಕಿದೆ. ಮಿಕ್ಕವು ಹಾಗೇ ಇವೆ.

ಅತ್ತಿಗೆ ಸೋಲುವವಳಲ್ಲ. “ಅಂಗೇ ಅಲ್ವಾ ಎಲ್ರಿಗೂ ಏಳಾದು? ಓದ್ದೋರು ಅರ್ತ ಮಾಡ್ಕಬೇಕಪ್ಪ,” ಎಂದಳು. ಆದರೆ ದನಿಯಲ್ಲಿ ಪಾಯಸದ ಬಕೆಟ್ಟು ಹಿಡಿದಿದ್ದ ದಿನದ ಗಟ್ಟಿತನವಿರಲಿಲ್ಲ.

ನಾನು ಅಣ್ಣನ ಎದುರು ಹೋಗಿ ನಿಂತೆ. “ಆದದ್ದನ್ನು ಆದಂತೆ ಹೇಳಬೇಕು ಅಂದೆನಲ್ಲಣ್ಣ. ಇನ್ನೊಂದು ಸಲ ಹೇಳು. ಅವತ್ತು ಏನಾಗಿತ್ತೋ ಅದನ್ನು.”

ಅವನು ಅಂಗೈ ತೆಗೆದ. ಗಿಂಡಿಯನ್ನು ಮತ್ತೆ ಬಾಯಿಗೆ ತಂದ. “ಅಮ್ಮಿ,” ಎಂದ. “ಅವ್ವ,” ಎಂದ. ಅಲ್ಲಿಗೆ ನಿಂತಿತು. ನಾವೆಲ್ಲ ಕಾದೆವು. ತುಟಿ ಆಡುತ್ತಿತ್ತು, ದನಿ ಬರಲಿಲ್ಲ. ಕೊನೆಗೆ ಗಿಂಡಿಯನ್ನು ತೊಡೆಯ ಮೇಲಿಟ್ಟುಕೊಂಡ.

“ಬಾಯ್ಗೆ ಬರಾಕಿಲ್ಲ ಕಣಮ್ಮಿ,” ಎಂದ. “ಅವತ್ತೂ ಅಂಗೇ ಆಗಿದ್ದು. ಅದ್ನೇ ಏಳಾಣ ಅಂತ್ಲೇ ಅಂಗ್ಡೀಗೋದೆ. ಆಳು ಕಳಿಸಾಕೆ ಯಾರಿದ್ರು? ನಾನೊಬ್ನೇ ಗಂಡ್ಸು ಮನೇಲಿ. ನೀನು ಅಲೋ ಅಂದೆ. ಒಬ್ಳೇ ಎರಡು ಬಸ್ಸು ಅತ್ಕೊಂಡು ಬರ್ಬೇಕಲ್ಲ ಇವ್ಳು ಅನ್ನುಸ್ತು. ಕೇಳಿ ಅಲ್ಲೇ ಬಿದ್ಬುಟ್ರೆ ಯಾರವ್ರೆ ನಿಂಗೆ ಅಲ್ಲಿ?”

“ಇದನ್ನು ಇಷ್ಟು ವರ್ಷ ಯಾಕೆ ಹೇಳಲಿಲ್ಲ?”

“ನೀನು ಕೇಳ್ದಾಗೆಲ್ಲ ಅದೂ ಬಾಯ್ಗೆ ಬರ್ಲಿಲ್ಲ.”

“ತಿಥಿ ದಿನ ಅತ್ತಿಗೆ ಅಂದಾಗ?”

ಅವನು ಟವಲನ್ನು ಕೊಡವಿದ. ಆದರೆ ಎದ್ದುಹೋಗಲಿಲ್ಲ, ಕಾಲು ನೋವು ಇರಬಹುದು, ಅಥವಾ ಬಾಗಿಲು ತೆಗೆಯುವವನು ಅವನೇ ಆದ್ದರಿಂದ ಇರಬಹುದು.

ನಾನು ನ್ಯಾಯವಾಗಿ ಬರೆಯಬೇಕು. ಅವನು ನನ್ನನ್ನು ನೋಯಿಸಬೇಕೆಂದು ಹಾಗೆ ಮಾಡಲಿಲ್ಲ. ನಾನು ದಾರಿಯಲ್ಲಿ ಒಬ್ಬಳೇ ಅಳಬಾರದೆಂದು ಮಾಡಿದ. ಅದು ನನಗೆ ಈಗ ಗೊತ್ತು. ಆದರೆ ನನ್ನನ್ನು ಕೇಳಿದ್ದರೆ, ನಾಗಮಂಗಲದಿಂದ ಸಂತೆಬಾಚಹಳ್ಳಿಯವರೆಗೆ ಬಸ್ಸಿನ ಕಂಬಿ ಹಿಡಿದುಕೊಂಡು, ನೋಡಿದವರೆಲ್ಲ ನೋಡಲಿ ಎಂದು ಅತ್ತುಕೊಂಡೇ ಬರುತ್ತಿದ್ದೆ, ಮತ್ತು ಹೊತ್ತಿಗೆ ಬರುತ್ತಿದ್ದೆ. ನನ್ನನ್ನು ಯಾರೂ ಕೇಳಲಿಲ್ಲ. ನನಗಾಗಿ ಇತರರು ತೋರಿಸಿದ ಕರುಣೆಯ ಬೆಲೆಯನ್ನು ನಾನು ತೆತ್ತೆ. ಅದಾದ ಮೇಲೆ ಆ ಕರುಣೆಯನ್ನೇ ತಿರುಗಿಸಿ ನನ್ನ ಮೇಲೆ ದೂರು ಹೊರಿಸಿದಾಗ ಅವನು ಹಪ್ಪಳ ಮುರಿದ. ಮೊದಲನೆಯದು ಅರ್ಥವಾಗುತ್ತದೆ. ಎರಡನೆಯದು ಈಗಲೂ ಅರ್ಥವಾಗುವುದಿಲ್ಲ.

“ಉಂಡಿರ್ತಾರೆ. ಬಾಗ್ಲು ತಗೀರಿ,” ಎಂದಳು ಚಿಕ್ಕಮ್ಮ.

ಅಣ್ಣ ಮೂರು ಸಲ ಬಾಗಿಲು ತಟ್ಟಿ ತೆರೆದ. ಧೂಪದ ಹೊಗೆ ಹೊರಗೆ ಬಂತು. ಎಲ್ಲರೂ ಒಳಗೆ ಹೋದರು. ಊಟಕ್ಕೆ ಕುಳಿತಾಗ ಅತ್ತಿಗೆ ನನ್ನ ಎಲೆಗೆ ಎರಡು ಕಜ್ಜಾಯ ಹಾಕಿದಳು. ಉಳಿದವರಿಗೂ ಎರಡೇ. ಅಷ್ಟು ಸಾಕು.

ಹೊರಡುವಾಗ ಅಣ್ಣ ಗಿಂಡಿಯನ್ನು ಹಳೆಯ ಪಂಚೆಯ ತುಂಡಿನಲ್ಲಿ ಸುತ್ತಿ ಮಗಳ ಕೈಗೆ ಕೊಟ್ಟ. “ಮತ್ತೆ ತರ್ಬ್ಯಾಡ ಮಗ. ನಿಮ್ಮವ್ವನತ್ರನೇ ಇರ್ಲಿ,” ಎಂದ. ನನಗೆ ಕೇಳುವಂತೆಯೇ ಹೇಳಿದ, ನನಗೆ ಹೇಳಲಿಲ್ಲ.

ಕೆ.ಆರ್. ಪೇಟೆಯಿಂದ ಪಾಂಡವಪುರದ ಬಸ್ಸಿನಲ್ಲಿ ಇಬ್ಬರಿಗೂ ಸೀಟು ಸಿಕ್ಕಿತು. ಮಗಳು ಗಿಂಡಿಯ ಗಂಟನ್ನು ಮಡಿಲಲ್ಲಿಟ್ಟುಕೊಂಡಿದ್ದಳು. ಚಿನಕುರಳಿ ದಾಟಿದ ಮೇಲೆ ಚೀಲದಿಂದ ನಾಟಕದ ಹಾಳೆ ತೆಗೆದು, ತಾನು ಬರೆದಿದ್ದ ಸಾಲನ್ನು ಹೊಡೆದು, ನನ್ನ ಸಾಲನ್ನು ಮೊದಲಿನಂತೆಯೇ ಬರೆದಳು. ಬಸ್ಸಿನ ಕುಲುಕಿಗೆ ಅಕ್ಷರ ಸೊಟ್ಟಗಾಯಿತು. ‘ಕ್ಷಮಿಸು’ ಎನ್ನಲಿಲ್ಲ. ಅವಳೂ ಅದೇ ಮನೆತನದವಳು.

“ಪೋಷಕರು?” ಎಂದೆ.

“ಕೂತಿರ್ಲಿ,” ಎಂದಳು. ಹಾಳೆ ಮಡಿಸಿ ಚೀಲಕ್ಕೆ ಹಾಕಿ, “ಅಮ್ಮ, ಮಾವ ಕಳಿಸಿದ್ದು ತಲುಪಿರುತ್ತಾ?” ಎಂದು ಕೇಳಿದಳು.

ನಿಯಮ ಮಾಡಿದವಳು ನಾನು. ನಿಯಮದ ಪ್ರಕಾರವೇ ಉತ್ತರ ಕೊಡಬೇಕು. ಮಾತು ಒಂದೇ ಉಸಿರಿನಲ್ಲಿ ಮುಗಿದಿತ್ತು, ಮೂತಿ ಪಡುವಣಕ್ಕಿತ್ತು, ಬಾಯನ್ನು ಮುಚ್ಚಿದ್ದ.

“ತಲುಪಿದೆ,” ಎಂದೆ.

“ನೀನೇನು ಮಾಡ್ತೀಯ?”

ಶಾಲೆಯ ನಲ್ಲಿಯ ಕೆಳಗೆ ಕೈತೊಳೆಯುತ್ತಿರುವ ಆ ಹೆಂಗಸು ನನಗೆ ಕಾಣುತ್ತಿದ್ದಳು: ಬೆರಳಿಗೆ ಅಂಟಿದ ಅರಗು, ಲಕೋಟೆಗಳ ಲೆಕ್ಕ ಇನ್ನೂ ತಲೆಯಲ್ಲಿ, ನೀರಿನ ಜೊತೆ ಬೀಳುತ್ತಿರುವ ಅಣ್ಣನ ದನಿ. ಅವಳು ತಲೆ ಎತ್ತಿ ಸುತ್ತ ನೋಡುತ್ತಾಳೆ. ಮರುಪ್ರಶ್ನೆ ಕೇಳುವಂತಿಲ್ಲ. ಕೇಳಿದರೂ ಅವನು ‘ಊಂ, ಅಂಗೇ ಅನ್ಕೊ’ ಎನ್ನುತ್ತಾನೆ.

“ಕೈ ಒರೆಸಿಕೊಂಡು ಪ್ರಶ್ನೆಪತ್ರಿಕೆ ಹಂಚುತ್ತೇನೆ,” ಎಂದೆ. “ಮಧ್ಯಾಹ್ನದ ಬಸ್ಸಿಗೆ ಹೊರಡುತ್ತೇನೆ.”